ಜಾಮೀನು ಸಿಕ್ಕರೆ ಮೊಕದ್ದಮೆ ಮುಗಿಯಿತೇ?

ಹೆಸರು ಪ್ರಕಟಿಸಬಾರದೆಂದು ಕೋರಿರುವ ಓದುಗರೊಬ್ಬರು ಹೀಗೆ ಬರೆದಿದ್ದಾರೆ: “ನಮ್ಮ ತಂದೆಯವರ ಸಹಿಯನ್ನು ನಕಲು ಮಾಡಿ ಸುಳ್ಳು ಕ್ರಯಪತ್ರ ಸೃಷ್ಟಿಸಿದ ವ್ಯಕ್ತಿಗೆ, ದೋಷಾರೋಪ ಪಟ್ಟಿ ಸಲ್ಲಿಕೆಯಾದ ಕೆಲವೇ ದಿನಗಳಲ್ಲಿ ಸೆಷನ್ಸ್ ನ್ಯಾಯಾಲಯ ಜಾಮೀನು ಕೊಟ್ಟಿದೆ. ಜೀವಾವಧಿ ಶಿಕ್ಷೆಯವರೆಗೆ ಹೋಗಬಹುದಾದ ಅಪರಾಧಕ್ಕೂ ಇಷ್ಟು ಸುಲಭವಾಗಿ ಜಾಮೀನು ಸಿಗುವುದಾದರೆ ದೂರು ಕೊಟ್ಟು ಪ್ರಯೋಜನವೇನು? ನಮಗಾದ ನಷ್ಟದ ಹಣವನ್ನು ಠೇವಣಿ ಇಡಿಸಿಕೊಂಡಾದರೂ ಬಿಡಬಹುದಿತ್ತಲ್ಲವೇ?”

ಸಂಪಾದಕರ ಉತ್ತರ:

ಮಾನ್ಯರೇ, ತಂದೆಯ ಸಹಿಯನ್ನೇ ಕದ್ದವನು ಎದುರಿಗೆ ಓಡಾಡುವುದನ್ನು ಕಂಡಾಗ ಹುಟ್ಟುವ ಸಿಟ್ಟು ಅರ್ಥವಾಗುವಂಥದ್ದು. ಆದರೆ ಆ ಆದೇಶದಿಂದ ನಿಮ್ಮ ಮೊಕದ್ದಮೆ ಸೋತಿಲ್ಲ, ಆರೋಪಿ ನಿರ್ದೋಷಿಯೆಂದೂ ತೀರ್ಮಾನವಾಗಿಲ್ಲ. ವಿಚಾರಣೆ ಮುಗಿಯುವವರೆಗೆ ಆತ ಎಲ್ಲಿರಬೇಕೆಂಬ ಒಂದೇ ಪ್ರಶ್ನೆಗೆ ನ್ಯಾಯಾಲಯ ಉತ್ತರಿಸಿದೆ. ಆತ ತಲೆಮರೆಸಿಕೊಳ್ಳಬಹುದೇ, ಸಾಕ್ಷಿಗಳನ್ನು ಹೆದರಿಸಬಹುದೇ, ಪುರಾವೆಗಳನ್ನು ನಾಶಮಾಡಬಹುದೇ ಎಂಬುದನ್ನು ಅಪರಾಧದ ಗಾಂಭೀರ್ಯದ ಜೊತೆಗೆ ತೂಗಿ ನೋಡುವುದೇ ಈ ಹಂತದ ಕೆಲಸ. ‘ಜಾಮೀನು ನಿಯಮ, ಸೆರೆಮನೆ ಅಪವಾದ’ ಎಂಬ ಮಾತಿಗೆ ಆಧಾರವಾದದ್ದು 1977ರ ಬಾಲ್‌ಚಂದ್ ಪ್ರಕರಣದಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಬರೆದ ಪುಟ್ಟ ಆದೇಶ.

ದಾಖಲೆ ಫೋರ್ಜರಿಯ ಪ್ರಕರಣಗಳಲ್ಲಿ ಈ ತೂಕ ಆರೋಪಿಯ ಕಡೆಗೆ ವಾಲುವುದಕ್ಕೆ ಒಂದು ವಿಶೇಷ ಕಾರಣವಿದೆ: ಇಲ್ಲಿ ಮುಖ್ಯ ಸಾಕ್ಷಿ ಕಾಗದವೇ. ಮೂಲ ಪತ್ರ ಜಪ್ತಿಯಾಗಿ, ಉಪನೋಂದಣಾಧಿಕಾರಿಗಳ ಕಚೇರಿಯ ದಾಖಲೆಗಳ ಪ್ರತಿಗಳು ಕಡತ ಸೇರಿ, ವಿವಾದಿತ ಸಹಿ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಹೋದ ಮೇಲೆ, ಆತ ಹೊರಗಿದ್ದರೂ ಅವುಗಳನ್ನು ತಿದ್ದಲಾರ. ಕೈಬರಹದ ಮಾದರಿ ಪಡೆಯಲು ಬಂಧನ ಬೇಕೆಂಬ ವಾದಕ್ಕೂ ಈಗ ಬಲವಿಲ್ಲ. ಕ್ರಿಮಿನಲ್ ಪ್ರಕ್ರಿಯೆಯ ಹೊಸ ಕಾನೂನಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 349ನೇ ಕಲಮಿನಂತೆ, ಕಾರಣಗಳನ್ನು ಬರೆದಿಟ್ಟು, ಬಂಧನಕ್ಕೊಳಗಾಗದ ವ್ಯಕ್ತಿಯಿಂದಲೂ ಮಾದರಿ ಪಡೆಯುವಂತೆ ಮ್ಯಾಜಿಸ್ಟ್ರೇಟರು ಆದೇಶಿಸಬಹುದು. ತನಿಖೆ ಮುಗಿದು ದೋಷಾರೋಪ ಪಟ್ಟಿಯೂ ಬಂದಿರುವಾಗ ಆತನನ್ನು ಒಳಗಿಡಲು ಬೇರೆ ಕಾರಣವನ್ನು ಸರ್ಕಾರಿ ಅಭಿಯೋಜಕರು ತೋರಿಸಬೇಕಾಗುತ್ತದೆ. ಮೂಲ ಪತ್ರ ಇನ್ನೂ ಸಿಕ್ಕಿರದಿದ್ದರೆ, ಅಥವಾ ಇಂಥದೇ ಬೇರೆ ಪತ್ರಗಳನ್ನು ಸೃಷ್ಟಿಸಿದ ಜಾಲದ ಸುಳಿವಿದ್ದರೆ, ಲೆಕ್ಕ ಬೇರೆಯಾಗುತ್ತಿತ್ತು.

ಜೀವಾವಧಿಯ ಮಾತಿಗೆ ಬರೋಣ. 2024ರ ಜುಲೈ 1ಕ್ಕಿಂತ ಮೊದಲು ನಡೆದ ಕೃತ್ಯಕ್ಕೆ ಹಳೆಯ ದಂಡಸಂಹಿತೆಯ 467ನೇ ಕಲಮು, ಅನಂತರದ್ದಕ್ಕೆ ಭಾರತೀಯ ನ್ಯಾಯ ಸಂಹಿತೆಯ 338ನೇ ಕಲಮು ಅನ್ವಯಿಸುತ್ತದೆ; ಎರಡರಲ್ಲೂ ಗರಿಷ್ಠ ಶಿಕ್ಷೆ ಜೀವಾವಧಿ, ಇಲ್ಲವೇ 10 ವರ್ಷದವರೆಗಿನ ಸೆರೆವಾಸ. ಮೋಸದಿಂದ ಸ್ವತ್ತು ಲಪಟಾಯಿಸಿದ್ದಕ್ಕೂ ವಂಚನೆಯ ಉದ್ದೇಶದ ಫೋರ್ಜರಿಗೂ ಗರಿಷ್ಠ 7 ವರ್ಷ. ಹೀಗೆ ಕಠಿಣ ಶಿಕ್ಷೆಯ ಕಲಮು ಸೇರಿದ್ದರಿಂದ ತನಿಖೆಗೆ 60ರ ಬದಲು 90 ದಿನಗಳ ಅವಕಾಶ ಸಿಗುತ್ತದೆ. ಅಷ್ಟರೊಳಗೆ ದೋಷಾರೋಪ ಪಟ್ಟಿ ಬಾರದಿದ್ದರೆ ಜಾಮೀನು ಆರೋಪಿಯ ಹಕ್ಕೇ ಆಗಿಬಿಡುತ್ತದೆ. ಆದರೆ ಗರಿಷ್ಠ ಶಿಕ್ಷೆ ದೊಡ್ಡದೆಂಬ ಒಂದೇ ಕಾರಣಕ್ಕೆ ಜಾಮೀನು ನಿರಾಕರಿಸುವಂತಿಲ್ಲ. ಆರ್ಥಿಕ ಅಪರಾಧಗಳನ್ನು ಪ್ರತ್ಯೇಕ ವರ್ಗವಾಗಿಯೇ ನೋಡಬೇಕೆಂದು ಸುಪ್ರೀಂ ಕೋರ್ಟ್ 2013ರಲ್ಲಿ ಜಗನ್‌ಮೋಹನ್ ರೆಡ್ಡಿ ಪ್ರಕರಣದಲ್ಲಿ ಹೇಳಿದ್ದು ನಿಜ. ಹಾಗೆಂದು ಅಂಥ ಎಲ್ಲ ಪ್ರಕರಣಗಳಲ್ಲೂ ಜಾಮೀನು ನಿರಾಕರಿಸಬೇಕೆಂಬ ನಿಯಮವಿಲ್ಲವೆಂದು 2019ರಲ್ಲಿ ಚಿದಂಬರಂ ಪ್ರಕರಣದಲ್ಲಿ ಅದೇ ನ್ಯಾಯಾಲಯ ಸ್ಪಷ್ಟಪಡಿಸಿತು.

ಹಣ ಕಟ್ಟಿಸಿಕೊಂಡು ಬಿಡಬೇಕಿತ್ತೆಂಬ ನಿಮ್ಮ ಸಲಹೆಯನ್ನು ನಾನು ಒಪ್ಪಲಾರೆ. ವಂಚನೆಯಾಗಿದೆ ಎನ್ನಲಾದ ಮೊತ್ತದ ಠೇವಣಿಯನ್ನು ಜಾಮೀನಿನ ಷರತ್ತಾಗಿಸಬಾರದು, ಹಣ ವಸೂಲಿ ಜಾಮೀನು ನ್ಯಾಯಾಲಯದ ಕೆಲಸವಲ್ಲ ಎಂದು 2023ರ ರಮೇಶ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಣವುಳ್ಳವನು ಕಟ್ಟಿ ಹೊರಬಂದು ಇಲ್ಲದವನು ಒಳಗೇ ಉಳಿಯುವ ಪದ್ಧತಿ, ಆರೋಪ ಸಾಬೀತಾಗುವ ಮೊದಲೇ ತೀರ್ಪು ಜಾರಿ ಮಾಡಿದಂತೆ. (ಸ್ವಂತ ಬಾಂಡಿನ ಮೇಲೆ ಬಿಡಬಹುದಾದವರೂ ಜಾಮೀನುದಾರರಿಲ್ಲದೆ ಜೈಲಿನಲ್ಲೇ ಕೊಳೆಯುವುದು ನಮ್ಮಲ್ಲಿ ಹಳೆಯ ರೋಗ, ಅದನ್ನು ಇನ್ನಷ್ಟು ಉಲ್ಬಣಿಸುವುದು ಬೇಡ.)

ಈಗ ನೀವು ಮಾಡಬೇಕಾದದ್ದು ಆದೇಶದ ದೃಢೀಕೃತ ನಕಲು ಪಡೆದು ಷರತ್ತುಗಳನ್ನು ಓದುವುದು. ಸಾಕ್ಷಿಗಳ ಮೇಲೆ ಪ್ರಭಾವ ಬೀರಬಾರದು, ಕರೆದಾಗ ಹಾಜರಾಗಬೇಕು, ಅನುಮತಿಯಿಲ್ಲದೆ ದೇಶ ಬಿಡಬಾರದು ಎಂಬಂಥ ಮಾತುಗಳು ಅದರಲ್ಲಿರುತ್ತವೆ. ಪತ್ರಕ್ಕೆ ಸಾಕ್ಷಿ ಹಾಕಿದವರನ್ನು ಆತ ಸಂಪರ್ಕಿಸಿ ಬೆದರಿಸಿದರೆ, ದಿನಾಂಕ ಮತ್ತು ಪುರಾವೆ ಸಹಿತ, ಜಾಮೀನು ರದ್ದುಪಡಿಸುವಂತೆ ನಾಗರಿಕ ಸುರಕ್ಷಾ ಸಂಹಿತೆಯ 483ನೇ ಕಲಮಿನ ಅಡಿ ಅರ್ಜಿ ಹಾಕಬಹುದು. ಬರಿಯ ಅಸಮಾಧಾನದ ಮೇಲೆ ಹಾಕಿದ ಅರ್ಜಿ ನಿಲ್ಲುವುದಿಲ್ಲ.

ಇದಕ್ಕಿಂತ ಮುಖ್ಯವಾದ ಇನ್ನೊಂದು ಸಂಗತಿ ನಿಮ್ಮ ಪತ್ರದಲ್ಲಿ ಕಾಣಲಿಲ್ಲ. ಆರೋಪಿ ಜೈಲಿನಲ್ಲಿದ್ದರೂ ಹೊರಗಿದ್ದರೂ ಆ ಸುಳ್ಳು ಕ್ರಯಪತ್ರ ನೋಂದಣಿ ದಾಖಲೆಯಲ್ಲಿ ಹಾಗೆಯೇ ಇರುತ್ತದೆ, ಅದರ ಬಲದ ಮೇಲೆ ಸ್ವತ್ತು ಮೂರನೆಯವರ ಕೈಸೇರಬಹುದು. ಪತ್ರದ ರದ್ದತಿಗೂ ಪರಭಾರೆಗೆ ತಡೆಯಾಜ್ಞೆಗೂ ಸಿವಿಲ್ ದಾವೆಯನ್ನೇ ಹೂಡಬೇಕು. ರದ್ದತಿ ದಾವೆಗೆ 1963ರ ಕಾಲಮಿತಿ ಕಾಯ್ದೆ ಕೊಟ್ಟಿರುವುದು 3 ವರ್ಷ. ಕ್ರಿಮಿನಲ್ ಮೊಕದ್ದಮೆ ಮುಗಿಯಲೆಂದು ಅದು ಕಾಯುವುದಿಲ್ಲ, ಸುಳ್ಳು ಪತ್ರದ ಸಂಗತಿ ನಿಮಗೆ ಮೊದಲು ತಿಳಿದ ದಿನದಿಂದಲೇ ಎಣಿಕೆಯಾಗುತ್ತದೆ.