ಗುಂಡಿ ನೋಡಿ ಕೋಟು ಕೊಳ್ಳಬೇಡಿ

ಪ್ರಶ್ನೆ: ಅಮೆರಿಕ ನೌಕಾಪಡೆಯ ಹಳೇ ಪೀಕೋಟ್ (ನಾವಿಕರ ದಪ್ಪ ಉಣ್ಣೆಯ ಗಿಡ್ಡ ಕೋಟು) ಒಂದನ್ನು ಕೊಂಡೆ. ಎರಡನೇ ಮಹಾಯುದ್ಧದ್ದು ಅಂತ ಮಾರಿದವರು ಹೇಳಿದರು. ಗುಂಡಿಗಳ ಮೇಲೆ ಲಂಗರು, ಅದರ ಸುತ್ತ 13 ನಕ್ಷತ್ರ ಇವೆ. ಒಳಗಿನ ಲೇಬಲ್‌ನಲ್ಲಿ ‘ಡಿಎಸ್‌ಎ 100-67-ಸಿ’ ಅಂತ ಶುರುವಾಗುವ ನಂಬರ್ ಇದೆ. ಇದು ಅಸಲಿಯೇ?

ಉತ್ತರ: ಕೋಟು ಅಸಲಿಯೇ ಇರಬಹುದು, ಅವರು ಹೇಳಿದ ಕಾಲ ಮಾತ್ರ ತಪ್ಪು. ಡಿಎಸ್‌ಎ ಅಂದರೆ ಡಿಫೆನ್ಸ್ ಸಪ್ಲೈ ಏಜೆನ್ಸಿ, ಅಮೆರಿಕದ ಪಡೆಗಳಿಗೆ ಸಾಮಾನು ಕೊಳ್ಳುತ್ತಿದ್ದ ಇಲಾಖೆ. ಅದು ಹುಟ್ಟಿದ್ದೇ 1961ರಲ್ಲಿ, 1977ರಲ್ಲಿ ಅದರ ಹೆಸರೂ ಬದಲಾಯಿತು. ನಡುವೆ ಇರುವ 67 ಗುತ್ತಿಗೆ ಕೊಟ್ಟ ಹಣಕಾಸು ವರ್ಷ. ಯುದ್ಧ ಮುಗಿದದ್ದು 1945ರಲ್ಲಿ, ಅಲ್ವಾ? ನಕ್ಷತ್ರದ ಗುಂಡಿ ಇನ್ನೂ ಹಳೇ ಮಾದರಿ. ಅದನ್ನು ಆಮೇಲೆ ಯಾರೋ ಹೊಲಿದಿರಬೇಕು.

ಗುಂಡಿಯನ್ನು ಐದು ನಿಮಿಷದಲ್ಲಿ ಬದಲಾಯಿಸಬಹುದು, ಲೇಬಲ್ ಕೂಡ ಬಿಚ್ಚಿ ಹೊಲಿಯಬಹುದು, ಆದರೆ ಬಟ್ಟೆ ಮತ್ತು ಜೇಬಿನ ಒಳಭಾಗವನ್ನು ಬದಲಾಯಿಸುವ ಗೋಜಿಗೆ ಯಾರೂ ಹೋಗುವುದಿಲ್ಲ, ಅದಕ್ಕೇ ನಾನು ಮೊದಲು ಜೇಬಿಗೆ ಕೈ ಹಾಕುತ್ತೇನೆ. ಯುದ್ಧಕಾಲದ ಪೀಕೋಟ್ ಜೇಬುಗಳ ಒಳಗೆ ಕಾರ್ಡುರಾಯ್ ಬಟ್ಟೆ ಇರುತ್ತಿತ್ತು, ಬೆರಳಿಗೆ ಗೀರು ಗೀರಾಗಿ ಸಿಗುತ್ತದೆ. ಹೊರಬಟ್ಟೆ ಕೆರ್ಸಿ ಅನ್ನುವ ದಪ್ಪ ಉಣ್ಣೆ. ಮೆಲ್ಟನ್ ಉಣ್ಣೆ ಬಂದದ್ದು ಆಮೇಲೆ. ಆ ಕಾಲದ ಲೇಬಲ್‌ಗಳಲ್ಲಿ ‘ನೇವಲ್ ಕ್ಲೋದಿಂಗ್ ಫ್ಯಾಕ್ಟರಿ’ ಅಂತ ಇರುವುದೂ ಉಂಟು. ಗುಂಡಿಯ ಬುಡ ನೋಡಿ: ಉಳಿದ ಹೊಲಿಗೆಗಿಂತ ದಾರ ಹೊಸದಾಗಿದೆಯಾ, ಪಕ್ಕದಲ್ಲಿ ಹಳೇ ಸೂಜಿ ತೂತುಗಳಿವೆಯಾ?

ಒಳಗಡೆ ನಾವಿಕನ ಹೆಸರು ಅಚ್ಚು ಹಾಕಿದ್ದರೆ ದಯವಿಟ್ಟು ಅಳಿಸಬೇಡಿ. ಎಷ್ಟೋ ಜನ ಅದನ್ನು ಕಲೆ ಅಂದುಕೊಂಡು ಉಜ್ಜುತ್ತಾರೆ, ನೋಡಿದರೆ ಹೊಟ್ಟೆ ಉರಿಯುತ್ತದೆ. ಆ ಕೋಟು ಹಾಕಿಕೊಂಡು ಚಳಿಯಲ್ಲಿ ಡೆಕ್ ಮೇಲೆ ನಿಂತವನ ಗುರುತು ಅದು.

ಪ್ರಶ್ನೆ: ಬ್ರಿಟಿಷ್ ನೌಕಾಪಡೆಯ ಅಧಿಕಾರಿಯ ಉದ್ದ ಕೋಟಿನ ಕಾಲವನ್ನು ಗುಂಡಿಯ ಮೇಲಿನ ಕಿರೀಟದಿಂದ ಹೇಳಬಹುದಾ?

ಉತ್ತರ: ಅರ್ಧ ಹೇಳಬಹುದು. ಇಪ್ಪತ್ತನೇ ಶತಮಾನದಲ್ಲಿ ರಾಜರ ಆಳ್ವಿಕೆ ಇದ್ದಷ್ಟು ದಿನ ಟ್ಯೂಡರ್ ಕಿರೀಟ ಇತ್ತು, ಅದರ ಕಮಾನು ನೇರವಾಗಿ ದುಂಡಗೆ ಏರುತ್ತದೆ. ಎರಡನೇ ಎಲಿಜಬೆತ್ ಪಟ್ಟಕ್ಕೆ ಬಂದ ಮೇಲೆ ಸೇಂಟ್ ಎಡ್ವರ್ಡ್ ಕಿರೀಟ ಬಂತು, ಅದರ ಕಮಾನು ನಡುವೆ ತಗ್ಗಿರುತ್ತದೆ. ಆದರೆ ಚಾರ್ಲ್ಸ್ 2022ರಲ್ಲಿ ಮತ್ತೆ ಟ್ಯೂಡರ್ ಕಿರೀಟವನ್ನೇ ಆರಿಸಿಕೊಂಡರು. ಹಾಗಾಗಿ ಟ್ಯೂಡರ್ ಕಿರೀಟ ಕಂಡ ಕೂಡಲೇ 1952ಕ್ಕೆ ಮೊದಲಿನದು ಅಂತ ಕುಣಿಯಬೇಡಿ. ಡಫಲ್ ಕೋಟಿನಲ್ಲಿ (ತಲೆಮುಸುಕು ಇರುವ ದಪ್ಪ ಉಣ್ಣೆಯ ಕೋಟು) ಬಾಣದ ಗುರುತು ಕಂಡರೂ ಇದೇ ಮಾತು. ಅದು ಬ್ರಿಟಿಷ್ ಸರ್ಕಾರದ ಸ್ವತ್ತು ಅನ್ನುವ ಮುದ್ರೆ ಹೌದು, ಆದರೆ ಒಂದು ರಬ್ಬರ್ ಸ್ಟಾಂಪ್ ಇದ್ದರೆ ಯಾರು ಬೇಕಾದರೂ ಒತ್ತಬಹುದು.

ಪ್ರಶ್ನೆ: ಉಣ್ಣೆ ಅಸಲಿಯಾ ಅಂತ ಮನೆಯಲ್ಲೇ ತಿಳಿಯುವುದು ಹೇಗೆ? ನುಸಿ ಗುಳಿಗೆ ಇಡಬಹುದಾ?

ಉತ್ತರ: ಒಳಮಡಿಕೆಯಿಂದ ಒಂದೇ ಒಂದು ಎಳೆ ತೆಗೆದು, ಕೋಟಿನಿಂದ ದೂರ ಹೋಗಿ, ಇಕ್ಕಳದಲ್ಲಿ ಹಿಡಿದು ಸುಡಿ. ಉಣ್ಣೆಯಾದರೆ ಕೂದಲು ಸುಟ್ಟ ವಾಸನೆ ಬರುತ್ತದೆ, ಬೂದಿ ಬೆರಳಲ್ಲಿ ಪುಡಿಯಾಗುತ್ತದೆ. ಪಾಲಿಯೆಸ್ಟರ್ ಕರಗಿ ಗಟ್ಟಿ ಮಣಿಯಾಗುತ್ತದೆ. ನುಸಿ ಗುಳಿಗೆ ನನಗೆ ಇಷ್ಟವಿಲ್ಲ, ಆ ವಾಸನೆ ವರ್ಷಗಟ್ಟಲೆ ಹೋಗುವುದಿಲ್ಲ. ಚೆನ್ನಾಗಿ ಬ್ರಷ್ ಮಾಡಿ, ಅಗಲ ಭುಜದ ಹ್ಯಾಂಗರ್‌ಗೆ ಹಾಕಿ, ಹತ್ತಿ ಬಟ್ಟೆಯ ಚೀಲ ಮುಚ್ಚಿ. ಪ್ಲಾಸ್ಟಿಕ್ ಬೇಡವೇ ಬೇಡ, ತೇವ ಒಳಗೇ ನಿಲ್ಲುತ್ತದೆ.