ಅಳತೆ ಪುಸ್ತಕವನ್ನು ಜೋಪಾನವಾಗಿಡಿ

ಪ್ರಶ್ನೆ: ನನ್ನ ಪತಿ ತಿಪಟೂರಿನಲ್ಲಿ ದರ್ಜಿ ಅಂಗಡಿ ಇಟ್ಟಿದ್ದರು, ವಯಸ್ಸು 38. ನಾಲ್ಕು ತಿಂಗಳ ಹಿಂದೆ ಬೈಕಿಗೆ ಲಾರಿ ಗುದ್ದಿ ತೀರಿಕೊಂಡರು. ಮನೆಯಲ್ಲಿ ಅತ್ತೆ, ನಾನು, ಇಬ್ಬರು ಮಕ್ಕಳು. ತಿಂಗಳಿಗೆ 15,000 ರೂಪಾಯಿ ದುಡಿಯುತ್ತಿದ್ದರು, ದಾಖಲೆ ಇಲ್ಲ. ಲಾರಿಯವರು 3 ಲಕ್ಷ ಕೊಡುತ್ತೇವೆ, ಖಾಲಿ ಕಾಗದಕ್ಕೆ ಸಹಿ ಹಾಕಿ ಎನ್ನುತ್ತಿದ್ದಾರೆ.

ಉತ್ತರ: ದಯವಿಟ್ಟು ಸಹಿ ಹಾಕಬೇಡಿ, ತಾಯಿ. ದಾಖಲೆ ಇಲ್ಲವೆಂದಿರಿ, ಗಿರಾಕಿಗಳ ಹೆಸರು, ಅಳತೆ, ಮುಂಗಡ, ಬಾಕಿ ಎಲ್ಲವನ್ನೂ ಅವರೇ ಬರೆದಿಟ್ಟ ಅಳತೆ ಪುಸ್ತಕ ಅಂಗಡಿಯಲ್ಲಿ ಇರಬೇಕಲ್ಲ? ಅದೇ ದಾಖಲೆ. ಇಬ್ಬರು ಹಳೆಯ ಗಿರಾಕಿಗಳು ಸಾಕ್ಷಿ ಹೇಳಿದರೆ ಇನ್ನೂ ಬಲ.

ಸರ್ವೋಚ್ಚ ನ್ಯಾಯಾಲಯ 2009 ಮತ್ತು 2017ರ ತೀರ್ಪುಗಳಲ್ಲಿ ಲೆಕ್ಕದ ದಾರಿ ಹಾಕಿಕೊಟ್ಟಿದೆ. ಸ್ವಂತ ದುಡಿಮೆಯ, 40ಕ್ಕಿಂತ ಕಡಿಮೆ ವಯಸ್ಸಿನವರ ಆದಾಯಕ್ಕೆ ಭವಿಷ್ಯದ ಏರಿಕೆಯೆಂದು ಶೇ 40 ಸೇರಿಸುತ್ತಾರೆ: 21,000. ಅವಲಂಬಿತರು ನಾಲ್ವರಾದ್ದರಿಂದ ನಿಮ್ಮ ಪತಿಯ ಸ್ವಂತ ಖರ್ಚೆಂದು ಕಾಲು ಭಾಗ ಕಳೆದರೆ 15,750. ವರ್ಷಕ್ಕೆ 1,89,000. ಆ ವಯಸ್ಸಿಗೆ ಗುಣಕ, ಅಂದರೆ ವರ್ಷದ ಮೊತ್ತವನ್ನು ಗುಣಿಸುವ ಸಂಖ್ಯೆ, 15. ಒಟ್ಟು 28,35,000 ರೂಪಾಯಿ. ಅಂತ್ಯಕ್ರಿಯೆ ಮುಂತಾದವು ಬೇರೆ. ಇದರ ಮುಂದೆ 3 ಲಕ್ಷ ಎಂದರೆ ನನಗೆ ಹೊಟ್ಟೆ ಉರಿಯುತ್ತದೆ.

ನೀವು ವಾಸಿಸುವ ವ್ಯಾಪ್ತಿಯ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯಲ್ಲೇ ಅರ್ಜಿ ಹಾಕಬಹುದು. ಎಫ್‌ಐಆರ್, ಮರಣೋತ್ತರ ಪರೀಕ್ಷೆಯ ವರದಿ, ಲಾರಿಯ ವಿಮೆಯ ಪ್ರತಿ ಪಡೆದುಕೊಳ್ಳಿ. ಅತ್ತೆಯವರನ್ನೂ ಅರ್ಜಿದಾರರಾಗಿ ಸೇರಿಸಿ, ಮಗ ಅವರಿಗೂ ಆಸರೆಯಾಗಿದ್ದ. ಮೋಟಾರು ವಾಹನ ಕಾಯ್ದೆಯ 2019ರ ತಿದ್ದುಪಡಿ ಅಪಘಾತದಿಂದ ಆರು ತಿಂಗಳ ಗಡುವು ಹಾಕಿದೆ. ನಿಮಗೆ ಉಳಿದಿರುವುದು ಎರಡೇ ತಿಂಗಳು. ವಕೀಲರ ಶುಲ್ಕದ ಚಿಂತೆ ಇದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ, ಮಹಿಳೆಯರಿಗೆ ಅಲ್ಲಿ ಉಚಿತ ನೆರವಿದೆ. ಈ ವಾರವೇ ಹೋಗಿ.