ಓದುಗರ ಪ್ರಶ್ನೆ, ನಮ್ಮ ಉತ್ತರ: ಬ್ರಿಜಿಡ್ ಎಂಬ ಐರಿಷ್ ಹೆಸರು

ಐರ್ಲೆಂಡಿನ ಒಂದೇ ಹೆಸರನ್ನು ಕುರಿತು ಮೂವರು ಓದುಗರು ಬರೆದಿರುವುದರಿಂದ ಈ ಸಂಚಿಕೆಯ ಅಂಕಣವನ್ನು ಪೂರ್ತಿಯಾಗಿ ಅದಕ್ಕೇ ಮೀಸಲಿಟ್ಟಿದ್ದೇವೆ.

ಪ್ರಶ್ನೆ: ನಮ್ಮದು ಡಬ್ಲಿನ್ ನಗರದಲ್ಲಿ ನೆಲೆಸಿರುವ ಕನ್ನಡ ಕುಟುಂಬ. ಜನವರಿ ಕೊನೆಯಲ್ಲಿ ಮಗಳ ಶಾಲೆಯಲ್ಲಿ ಮಕ್ಕಳಿಂದ ಜೊಂಡುಹುಲ್ಲಿನ ಶಿಲುಬೆ ಹೆಣೆಸುತ್ತಾರೆ. ಫೆಬ್ರವರಿ ಆರಂಭದಲ್ಲಿ ಸಂತ ಬ್ರಿಜಿಡ್ ಹೆಸರಿನಲ್ಲಿ ಸಾರ್ವಜನಿಕ ರಜೆಯೂ ಇರುತ್ತದೆ. ಮಗಳ ಶಿಕ್ಷಕಿಯ ಹೆಸರೂ ಇದೇ ಅಂತೆ, ಆದರೆ ಅವರನ್ನು ಎಲ್ಲರೂ ‘ಬ್ರೀಡ್’ ಎನ್ನುತ್ತಾರೆ. ಈ ಹೆಸರಿನ ಅರ್ಥವೇನು, ಮೂಲ ಯಾವುದು? ಹೆಸರುಗಳ ಪಟ್ಟಿಯೊಂದರಲ್ಲಿ ‘ಬೆಂಕಿಯ ಬಾಣ’ ಎಂದು ಕೊಟ್ಟಿದ್ದಾರೆ, ಅದು ಸರಿಯೇ? (ಓದುಗರೊಬ್ಬರು, ಡಬ್ಲಿನ್)

ಉತ್ತರ: ಬ್ರಿಜಿಡ್ ಎಂದರೆ ‘ಉನ್ನತಳು’, ‘ಎತ್ತರದಲ್ಲಿರುವವಳು’. ‘ಬೆಂಕಿಯ ಬಾಣ’ ಎಂಬ ವಿವರಣೆ ಸಾವಿರ ವರ್ಷಕ್ಕಿಂತ ಹಳೆಯದು, ಗೌರವಕ್ಕೆ ಅರ್ಹವಾದದ್ದು. ಆದರೆ ಹೆಸರು ಹುಟ್ಟಿದ್ದು ಅದರಿಂದಲ್ಲ.

ಹಳೆಯ ಐರಿಷ್ ಭಾಷೆಯಲ್ಲಿ ಇದನ್ನು ‘ಬ್ರಿಗಿಟ್’ ಎಂದು ಬರೆಯುತ್ತಿದ್ದರು. ಕೊನೆಯ ಟಕಾರವನ್ನು ಡಕಾರವಾಗಿಯೇ ಉಚ್ಚರಿಸುತ್ತಿದ್ದರು, ನಡುವಿನ ಗಕಾರ ಗಂಟಲಲ್ಲಿ ಉಜ್ಜಿ ಬರುವ ಮೃದು ಧ್ವನಿಯಾಗಿತ್ತು. ಕಾಲಕ್ರಮದಲ್ಲಿ ಆ ಧ್ವನಿ ಪೂರ್ತಿ ಅಳಿಸಿಹೋಗಿ ಅದರ ಹಿಂದಿನ ಸ್ವರ ದೀರ್ಘವಾಯಿತು. ಆದರೂ ಬರವಣಿಗೆಯಲ್ಲಿ ಹಳೆಯ ಅಕ್ಷರಗಳು ಬಹುಕಾಲ ಉಳಿದಿದ್ದವು. 20ನೇ ಶತಮಾನದ ಮಧ್ಯದಲ್ಲಿ ಐರಿಷ್ ಕಾಗುಣಿತವನ್ನು ಸರಳಗೊಳಿಸಿದಾಗ ಉಚ್ಚಾರಣೆಗೆ ತಕ್ಕಂತೆ ಚಿಕ್ಕದಾಗಿ ಬರೆಯುವುದು ರೂಢಿಗೆ ಬಂತು. ನಿಮ್ಮ ಮಗಳ ಶಿಕ್ಷಕಿಯನ್ನು ‘ಬ್ರೀಡ್’ ಎಂದು ಕರೆಯುವುದು ಈ ಕಾರಣಕ್ಕೆ. ದೇಶದ ಪಶ್ಚಿಮಕ್ಕೆ ಹೋದರೆ ಇದೇ ಹೆಸರು ‘ಬ್ರೀಜ್’ ಎಂಬಂತೆ ಕೇಳಿಸುವುದೂ ಉಂಟು. ‘ಬ್ರಿಜಿಡ್’ ಎಂಬಲ್ಲಿನ ಜಕಾರ ಐರಿಷ್ ಭಾಷೆಯದಲ್ಲ, ಇಂಗ್ಲಿಷ್ ಓದಿನ ಅಭ್ಯಾಸದಿಂದ ಬಂದದ್ದು.

ಇದಕ್ಕೂ ಹಿಂದಿನ ಸೆಲ್ಟಿಕ್ (ಐರಿಷ್ ಸೇರಿರುವ ಭಾಷಾಬಳಗ) ರೂಪವನ್ನು ಭಾಷಾವಿಜ್ಞಾನಿಗಳು ‘ಬ್ರಿಗಂತೀ’ ಎಂದು ಪುನರ್ರಚಿಸಿದ್ದಾರೆ. ಕನ್ನಡದ ಓದುಗರು ಇಲ್ಲಿ ಸ್ವಲ್ಪ ನಿಲ್ಲಬೇಕು. ಸಂಸ್ಕೃತದ ‘ಬೃಹತ್’ ಎಂಬ ಪದ ನಮಗೆಲ್ಲ ಗೊತ್ತಿದೆ. ಅದರ ಸ್ತ್ರೀಲಿಂಗ ರೂಪ ‘ಬೃಹತೀ’. ಬ್ರಿಗಂತೀ ಮತ್ತು ಬೃಹತೀ ಎರಡೂ ‘ಎತ್ತರವಾದ’ ಎಂಬ ಅರ್ಥದ ಒಂದೇ ಇಂಡೋ-ಯುರೋಪಿಯನ್ (ಸಂಸ್ಕೃತ, ಐರಿಷ್, ಜರ್ಮನ್ ಮೊದಲಾದ ಭಾಷೆಗಳ ಸಮಾನ ಮೂಲಭಾಷೆಯ) ಪದದಿಂದ, ಆಯಾ ಭಾಷೆಯ ಧ್ವನಿನಿಯಮಗಳಿಗೆ ಅನುಸಾರವಾಗಿ ಬೆಳೆದು ಬಂದ ರೂಪಗಳು. ಸಂಸ್ಕೃತದಲ್ಲಿ ಹಕಾರವಿರುವ ಕಡೆ ಸೆಲ್ಟಿಕ್‌ನಲ್ಲಿ ಗಕಾರವಿದೆ, ಜರ್ಮನ್ ಭಾಷೆಯಲ್ಲಿ ಬೆಟ್ಟವನ್ನು ಹೇಳುವ ‘ಬೆರ್ಗ್’ ಎಂಬ ಪದದಲ್ಲೂ ಗಕಾರವೇ ಇದೆ. ಇರಾನಿನ ಅವೆಸ್ತಾ ಗ್ರಂಥದಲ್ಲಿ ಬರುವ ‘ಹರಾ ಬೆರೆಜೈತೀ’ ಎಂಬ ಪರ್ವತದ ಹೆಸರಿನ ಎರಡನೆಯ ಪದವೂ ಈ ಬಳಗಕ್ಕೆ ಸೇರಿದ್ದು, ಟೆಹರಾನಿನ ಉತ್ತರಕ್ಕಿರುವ ಅಲ್ಬುರ್ಜ್ ಪರ್ವತಶ್ರೇಣಿಗೆ ಇಂದಿನ ಹೆಸರು ಬಂದದ್ದು ಅದರಿಂದ. ಕನ್ನಡ ದ್ರಾವಿಡ ಭಾಷೆಯಾದ್ದರಿಂದ ಈ ನಂಟು ನಮ್ಮ ನುಡಿಯ ಬೇರಿನದಲ್ಲ. ಸಂಸ್ಕೃತದಿಂದ ನಾವು ಎರವಲು ಪಡೆದ ಪದದ ಮೂಲಕ ಬಂದದ್ದು ಎಂಬುದನ್ನು ಮರೆಯಬಾರದು.

ಋಗ್ವೇದದ 5ನೇ ಮಂಡಲದ 80ನೇ ಸೂಕ್ತದಲ್ಲಿ ಉಷೋದೇವಿಯನ್ನು ‘ಬೃಹತೀ’ ಎಂದು ಸ್ತುತಿಸಲಾಗಿದೆ. ಇದನ್ನು ಆಧರಿಸಿ, ಐರ್ಲೆಂಡಿನ ಬ್ರಿಗಿಟ್ ಕೂಡ ಅತ್ಯಂತ ಪ್ರಾಚೀನವಾದ ಅರುಣೋದಯದ ದೇವತೆಯೊಬ್ಬಳ ಬಿರುದಿನಿಂದ ಹುಟ್ಟಿದವಳು ಎಂದು ವಾದಿಸುವ ವಿದ್ವಾಂಸರಿದ್ದಾರೆ. ಪದಗಳ ಸಂಬಂಧವನ್ನು ನಾನು ನಿಸ್ಸಂದೇಹವಾಗಿ ಒಪ್ಪುತ್ತೇನೆ. ಆದರೆ ‘ಉನ್ನತಳು’ ಎಂಬ ವಿಶೇಷಣ ಯಾವ ದೇವತೆಗೂ ಸಲ್ಲಬಹುದಾದದ್ದು. ಬಿರುದು ಒಂದೇ ಎಂದ ಮಾತ್ರಕ್ಕೆ ದೇವತೆಯೂ ಒಂದೇ ಎಂದು ಹೇಳಲಾಗದು.

ಹೆಸರಿನ ಪ್ರಾಚೀನತೆಗೆ ಕಲ್ಲಿನ ಸಾಕ್ಷ್ಯ ಬ್ರಿಟನ್ನಿನಲ್ಲಿದೆ. ಇಂದಿನ ಇಂಗ್ಲೆಂಡಿನ ಉತ್ತರ ಭಾಗದಲ್ಲಿ ರೋಮನ್ನರ ಕಾಲದಲ್ಲಿ ‘ಬ್ರಿಗಾಂಟೆಸ್’ ಎಂಬ ಬುಡಕಟ್ಟು ಪ್ರಬಲವಾಗಿತ್ತು, ಕ್ರಿ.ಶ. 1ನೇ ಶತಮಾನದಲ್ಲಿ ಕಾರ್ಟಿಮಂಡುವಾ ಎಂಬ ರಾಣಿ ಅದನ್ನು ಆಳಿದಳು. ಅದೇ ಸೀಮೆಯಲ್ಲಿ ‘ಬ್ರಿಗಾಂಟಿಯಾ’ ಎಂಬ ದೇವಿಗೆ ಅರ್ಪಿಸಿದ ರೋಮನ್ ಕಾಲದ ಶಾಸನಗಳು ದೊರೆತಿವೆ. ಸ್ಕಾಟ್ಲೆಂಡಿನ ಬಿರೆನ್ಸ್ ಕೋಟೆಯಲ್ಲಿ ಸಿಕ್ಕಿದ ಶಿಲ್ಪದಲ್ಲಿ ಆಕೆಯನ್ನು ರೋಮನ್ನರ ಮಿನರ್ವಾ ದೇವಿಯ ಲಾಂಛನಗಳೊಂದಿಗೆ ಕೆತ್ತಲಾಗಿದೆ.

ಇನ್ನು ‘ಬೆಂಕಿಯ ಬಾಣ’ದ ವಿಷಯ. ಮನ್‌ಸ್ಟರ್ ಪ್ರಾಂತ್ಯದ ದೊರೆಯೂ ಬಿಷಪ್ಪರೂ ಆಗಿದ್ದು 908ರಲ್ಲಿ ಮಡಿದ ಕೊರ್ಮಾಕ್ ಮಾಕ್ ಕುಲೆನಾನ್ ಅವರ ಹೆಸರಿನಲ್ಲಿ ಒಂದು ಹಳೆಯ ಐರಿಷ್ ಶಬ್ದಕೋಶವಿದೆ. ಅದು ಬ್ರಿಗಿಟ್ ಎಂಬ ಹೆಸರನ್ನು ಎರಡಾಗಿ ಒಡೆದು, ಮೊದಲ ಭಾಗಕ್ಕೆ ‘ಜ್ವಾಲೆ’ ಎಂದೂ ಎರಡನೆಯದಕ್ಕೆ ‘ಬಾಣ’ ಎಂದೂ ಅರ್ಥ ಹೇಳುತ್ತದೆ. ನಮ್ಮ ಯಾಸ್ಕರು ವೇದದ ಪದಗಳನ್ನು ವಿವರಿಸುವ ‘ನಿರುಕ್ತ’ ಗ್ರಂಥದಲ್ಲಿ ‘ಅಗ್ನಿ’ ಎಂಬುದಕ್ಕೆ ‘ಅಗ್ರಣಿಯಾಗಿರುವುದರಿಂದ ಅಗ್ನಿ’ ಎಂದು ಹೇಳುವ ಬಗೆಯದೇ ಆದ ನಿರ್ವಚನವಿದು. ಹೆಸರು ಹೇಗೆ ಹುಟ್ಟಿತು ಎಂಬುದಕ್ಕಿಂತ, ಹೆಸರಿನಲ್ಲಿ ಭಕ್ತರು ಏನನ್ನು ಕಾಣುತ್ತಿದ್ದರು ಎಂಬುದನ್ನು ಇಂಥ ನಿರ್ವಚನಗಳು ತಿಳಿಸುತ್ತವೆ. ವ್ಯುತ್ಪತ್ತಿಯಾಗಿ ಮಾತ್ರ ಇದು ನಿಲ್ಲುವುದಿಲ್ಲ. ಬಾಣಕ್ಕೆ ಐರಿಷ್‌ನಲ್ಲಿರುವ ಆ ಪದವೇ ಲ್ಯಾಟಿನ್ನಿನ ‘ಸಗಿಟ್ಟಾ’ದಿಂದ ಎರವಲು ಬಂದದ್ದು, ಲ್ಯಾಟಿನ್ ಸಂಪರ್ಕಕ್ಕಿಂತ ಹಿಂದಿನಿಂದ ಇರುವ ಹೆಸರನ್ನು ಆ ಪದದಿಂದ ಹುಟ್ಟಿಸುವುದು ಸಾಧ್ಯವಿಲ್ಲ.

ಅದೇ ಶಬ್ದಕೋಶ ಕೊಡುವ ಮತ್ತೊಂದು ವಿವರ ಬಹಳ ಬೆಲೆಯುಳ್ಳದ್ದು. ಬ್ರಿಗಿಟ್ ದಗ್ಡಾ ಎಂಬ ದೇವನ ಮಗಳು, ಕವಿಗಳು ಪೂಜಿಸುತ್ತಿದ್ದ ದೇವತೆ, ಆಕೆಗೆ ಅದೇ ಹೆಸರಿನ ಇಬ್ಬರು ಸೋದರಿಯರು, ಒಬ್ಬಳು ವೈದ್ಯಕ್ಕೆ ಮತ್ತೊಬ್ಬಳು ಕಮ್ಮಾರಿಕೆಗೆ ಅಧಿದೇವತೆ ಎಂದು ಅಲ್ಲಿ ಹೇಳಿದೆ. ಮತ್ತೊಂದು ಪುರಾಣಕಥೆಯ ಪ್ರಕಾರ ಬ್ರಿಗಿಟ್ ಯುದ್ಧದಲ್ಲಿ ಸತ್ತ ಮಗ ರುವಾದಾನನಿಗಾಗಿ ಗೋಳಾಡಿದಳು, ಐರ್ಲೆಂಡಿನಲ್ಲಿ ಹಾಡಿ ಅಳುವ ಸಂಪ್ರದಾಯ ಆಗಲೇ ಮೊದಲಾಯಿತು.

ಸಂತ ಬ್ರಿಜಿಡ್ ಇದೇ ಹೆಸರನ್ನು ಹೊತ್ತವರು. ಸಂಪ್ರದಾಯದಂತೆ ಅವರ ಕಾಲ ಸುಮಾರು 451ರಿಂದ 525. ಅವರು ಸ್ಥಾಪಿಸಿದ ಮಠ ಕಿಲ್ಡೇರ್‌ನಲ್ಲಿತ್ತು, ಆ ಊರಿನ ಹೆಸರಿಗೆ ‘ಓಕ್ ಮರದ ಚರ್ಚು’ ಎಂದು ಅರ್ಥ. ಅವರ ಜೀವನಚರಿತ್ರೆಯನ್ನು 7ನೇ ಶತಮಾನದಲ್ಲಿ ಲ್ಯಾಟಿನ್ನಿನಲ್ಲಿ ಬರೆದ ಕೊಗಿಟೋಸಸ್ ಎಂಬ ಸನ್ಯಾಸಿ, ಸ್ತ್ರೀಯರೂ ಪುರುಷರೂ ಸೇರುತ್ತಿದ್ದ, ನಡುವೆ ಅಡ್ಡಗೋಡೆಯಿದ್ದ ಅಲ್ಲಿನ ದೊಡ್ಡ ಚರ್ಚನ್ನು ಕಣ್ಣಿಗೆ ಕಟ್ಟುವಂತೆ ವರ್ಣಿಸಿದ್ದಾರೆ. ದೇವತೆಯ ಕಥೆಯೇ ಸಂತರ ಕಥೆಯಾಗಿ ಮಾರ್ಪಟ್ಟಿತು ಎಂದು ಕೆಲವು ಇತಿಹಾಸಕಾರರು ಹೇಳಿದರೆ, ಆ ಹೆಸರಿನ ಮಠಾಧ್ಯಕ್ಷೆಯೊಬ್ಬರು ನಿಜವಾಗಿ ಬದುಕಿದ್ದರು, ದೇವತೆಯ ನೆನಪುಗಳು ಅವರಿಗೆ ಅಂಟಿಕೊಂಡವು ಎಂದು ಬೇರೆ ಕೆಲವರು ಹೇಳುತ್ತಾರೆ. ನನಗೆ ಎರಡನೆಯದು ಹೆಚ್ಚು ಸಮಂಜಸವೆನಿಸುತ್ತದೆ. ಅಷ್ಟು ದೊಡ್ಡ ಮಠವೊಂದು ಸ್ಥಾಪಕರಿಲ್ಲದೆ ಏಳುವುದಿಲ್ಲ, ದೇವತೆಯ ಹೆಸರನ್ನು ಮನುಷ್ಯರಿಗೆ ಇಡುವುದರಲ್ಲಿ ಅಸಹಜವೇನೂ ಇಲ್ಲ.

ಬೆಂಕಿಯ ನಂಟು ಕಿಲ್ಡೇರ್‌ನಲ್ಲಿ ಗಟ್ಟಿಯಾಗಿ ಉಳಿಯಿತು. 12ನೇ ಶತಮಾನದ ಕೊನೆಯಲ್ಲಿ ಐರ್ಲೆಂಡನ್ನು ಕುರಿತು ಬರೆದ ವೇಲ್ಸ್‌ನ ಜೆರಾಲ್ಡ್, ಅಲ್ಲಿ ಆರದೆ ಉರಿಯುವ ಅಗ್ನಿಯೊಂದನ್ನು 19 ಸನ್ಯಾಸಿನಿಯರು ಸರದಿಯ ಮೇಲೆ ಕಾಯುತ್ತಿದ್ದರೆಂದೂ, 20ನೆಯ ರಾತ್ರಿ ಕಟ್ಟಿಗೆಯನ್ನು ಇಟ್ಟು, ಕಾಯುವ ಹೊಣೆಯನ್ನು ಬ್ರಿಜಿಡ್ ಅವರಿಗೇ ಬಿಟ್ಟು ಹೊರಡುತ್ತಿದ್ದರೆಂದೂ ದಾಖಲಿಸಿದ್ದಾರೆ. ಸುತ್ತಲಿನ ಬೇಲಿಯನ್ನು ಗಂಡಸರು ದಾಟುವಂತಿರಲಿಲ್ಲ. ಮುಂದೆ ಆರಿಹೋದ ಈ ಬೆಂಕಿಯನ್ನು 1993ರಲ್ಲಿ ಬ್ರಿಜಿಡೈನ್ ಸಂಸ್ಥೆಯ ಸನ್ಯಾಸಿನಿಯರು ಕಿಲ್ಡೇರ್‌ನಲ್ಲಿ ಮತ್ತೆ ಹೊತ್ತಿಸಿದರು.

ಸಂತರ ಹಬ್ಬ ಫೆಬ್ರವರಿ 1. ಅದು ಐರಿಷ್ ಪಂಚಾಂಗದಲ್ಲಿ ವಸಂತದ ಮೊದಲ ದಿನ, ಇಂಬೊಲ್ಕ್ ಎಂಬ ಪ್ರಾಚೀನ ಹಬ್ಬದ ದಿನವೂ ಹೌದು. ನೀವು ಹೇಳಿದ ಜೊಂಡುಹುಲ್ಲಿನ ಶಿಲುಬೆಯನ್ನು ಹಿಂದಿನ ರಾತ್ರಿ ಹೆಣೆದು, ಮನೆಗೆ ಬೆಂಕಿ ತಗುಲದಿರಲೆಂದು ಬಾಗಿಲ ಮೇಲೋ ಸೂರಿನಡಿಯೋ ಸಿಕ್ಕಿಸುತ್ತಾರೆ. 2023ರಿಂದ ಫೆಬ್ರವರಿಯ ಮೊದಲ ಸೋಮವಾರ ಸಾರ್ವಜನಿಕ ರಜೆ. 1ನೇ ತಾರೀಖು ಶುಕ್ರವಾರ ಬಿದ್ದರೆ ಆ ದಿನವೇ ರಜೆ. ಮಹಿಳೆಯೊಬ್ಬರ ಹೆಸರಿನಲ್ಲಿ ಐರ್ಲೆಂಡ್ ಸಾರ್ವಜನಿಕ ರಜೆ ಕೊಟ್ಟದ್ದು ಇದೇ ಮೊದಲು.

ಪ್ರಶ್ನೆ: ನಮ್ಮ ಅಜ್ಜಿಯ ಹೆಸರು ಬ್ರಿಜಿಟ್. ನಮ್ಮದು ಕೊಂಕಣಿ ಮಾತನಾಡುವ ಕ್ರೈಸ್ತ ಕುಟುಂಬ. ಐರ್ಲೆಂಡಿನ ಹೆಸರು ನಮ್ಮಲ್ಲಿಗೆ ಹೇಗೆ ಬಂತು? ಸ್ವೀಡನ್ನಿನಲ್ಲೂ ಆ ಹೆಸರಿನ ಸಂತರಿದ್ದರಂತೆ, ಅಜ್ಜಿಗೆ ಯಾರ ಹೆಸರಿಟ್ಟಿರಬಹುದು? (ಓದುಗರೊಬ್ಬರು, ಮಂಗಳೂರು)

ಉತ್ತರ: ಗೋವೆಯಿಂದ ಕರಾವಳಿಗೆ ಬಂದು ನೆಲೆಸಿದ ಕ್ರೈಸ್ತ ಕುಟುಂಬಗಳ ಅನೇಕ ಹೆಸರುಗಳಂತೆ ಇದೂ ಪೋರ್ಚುಗೀಸರ ದಾರಿಯಲ್ಲಿ ಬಂದಿರುವ ಸಾಧ್ಯತೆ ಹೆಚ್ಚು. ಪೋರ್ಚುಗೀಸ್ ರೂಪ ‘ಬ್ರೀಜಿಡಾ’. ಐರ್ಲೆಂಡಿನ ಸಂತರ ಮೇಲೆ ಪೋರ್ಚುಗಲ್ಲಿನಲ್ಲೂ ಭಕ್ತಿಯಿತ್ತು: ಲಿಸ್ಬನ್ ನಗರದ ಲುಮಿಯಾರ್ ಚರ್ಚಿನಲ್ಲಿ ಸಂತ ಬ್ರಿಜಿಡ್ ಅವರ ತಲೆಬುರುಡೆಯೆಂದು ನಂಬಲಾದ ಅವಶೇಷವಿದೆ, ಅದನ್ನು 13ನೇ ಶತಮಾನದಲ್ಲಿ ಮೂವರು ಐರಿಷ್ ಯೋಧರು ತಂದರೆಂಬ ಐತಿಹ್ಯವೂ ಇದೆ.

ಸ್ವೀಡನ್ನಿನ ಸಂತ ಬಿರ್ಗಿಟ್ಟಾ (1303–1373) ಬೇರೆಯವರು. ಅವರು ಸನ್ಯಾಸಿನಿಯರ ಸಂಸ್ಥೆಯೊಂದನ್ನು ಸ್ಥಾಪಿಸಿದವರು, 1391ರಲ್ಲಿ ಸಂತ ಪದವಿ ಪಡೆದವರು. ಆದರೆ ಅವರ ಹೆಸರೂ ಐರಿಷ್ ಬ್ರಿಗಿಟ್ ಸ್ಕಾಂಡಿನೇವಿಯಾಕ್ಕೆ ಹೋಗಿ ಪಡೆದ ರೂಪವೇ. ಪೋರ್ಚುಗೀಸಿನಲ್ಲಿ ಇಬ್ಬರನ್ನೂ ಒಂದೇ ಹೆಸರಿನಿಂದ ಕರೆಯುವುದರಿಂದ ಅಕ್ಷರಗಳನ್ನು ನೋಡಿ ತೀರ್ಮಾನಿಸಲಾಗದು. ಚರ್ಚಿನ ದೀಕ್ಷಾಸ್ನಾನದ ಪುಸ್ತಕದಲ್ಲಿ ಅಜ್ಜಿ ಹುಟ್ಟಿದ ದಿನವನ್ನು ನೋಡಿ. ಅದು ಫೆಬ್ರವರಿ 1ರ ಆಸುಪಾಸಿನಲ್ಲಿದ್ದರೆ ಐರ್ಲೆಂಡಿನ ಸಂತರ ಹೆಸರೆಂದು ಊಹಿಸಬಹುದು. ಸ್ವೀಡನ್ನಿನ ಸಂತರ ಹಬ್ಬ ಈಗ ಜುಲೈ 23 ಆದರೂ, 1969ರ ಪಂಚಾಂಗ ಸುಧಾರಣೆಗೆ ಮೊದಲು ಅಕ್ಟೋಬರ್ 8ರಂದು ನಡೆಯುತ್ತಿತ್ತು. ಅಜ್ಜಿಯ ಕಾಲಕ್ಕೆ ಲೆಕ್ಕಕ್ಕೆ ಬರುವುದು ಆ ಹಳೆಯ ದಿನ. ಅವರ ಅಜ್ಜಿಯದೋ ದೀಕ್ಷಾಸ್ನಾನದ ಧರ್ಮಮಾತೆಯದೋ ಹೆಸರನ್ನು ಇಟ್ಟಿದ್ದರೆ ತಾರೀಖಿನಿಂದ ಏನೂ ತಿಳಿಯುವುದಿಲ್ಲ, ಮನೆಯ ಹಿರಿಯರನ್ನೇ ಕೇಳಬೇಕು.

ಪ್ರಶ್ನೆ: ನಾವು ಐರ್ಲೆಂಡಿನ ಕಾರ್ಕ್‌ನಲ್ಲಿದ್ದೇವೆ. ಹುಟ್ಟಲಿರುವ ಮಗು ಹೆಣ್ಣಾದರೆ ಈ ನಾಡಿನ ಹೆಸರೊಂದನ್ನು ಇಡುವ ಆಸೆ. ಬ್ರಿಜಿಡ್ ಎಂದು ಹೆಸರಿಡಬಹುದೇ? ಇಲ್ಲಿನ ಹಿರಿಯರೊಬ್ಬರು ಅದು ಹಿಂದೆ ಕೆಲಸದವರ ಹೆಸರಾಗಿತ್ತು ಎಂದರು. (ಓದುಗರೊಬ್ಬರು, ಕಾರ್ಕ್)

ಉತ್ತರ: ಖಂಡಿತ ಇಡಬಹುದು. ಹಿರಿಯರು ಹೇಳಿದ್ದರ ಹಿಂದೆ ನೋವಿನ ಚರಿತ್ರೆಯೊಂದಿದೆ. 1845ರಿಂದ 1852ರವರೆಗಿನ ಮಹಾಕ್ಷಾಮ ಮತ್ತು ಅದರ ನಂತರದ ವರ್ಷಗಳಲ್ಲಿ ಅಮೆರಿಕಕ್ಕೆ ಹೋದ ಐರಿಷ್ ಹೆಣ್ಣುಮಕ್ಕಳಲ್ಲಿ ಬಹಳಷ್ಟು ಮಂದಿ ಅಲ್ಲಿನ ನಗರಗಳ ಮನೆಗಳಲ್ಲಿ ದುಡಿದರು. ಅವರಲ್ಲಿ ಬ್ರಿಜಿಟ್ ಎಂಬ ಹೆಸರು ಎಷ್ಟು ಸಾಮಾನ್ಯವಾಗಿತ್ತೆಂದರೆ ಅದನ್ನೂ ಅದರ ಮೊಟಕು ರೂಪವಾದ ‘ಬಿಡ್ಡಿ’ಯನ್ನೂ ಮನೆಗೆಲಸದ ಐರಿಷ್ ಹೆಂಗಸರೆಲ್ಲರಿಗೂ ತಿರಸ್ಕಾರದಿಂದ ಬಳಸತೊಡಗಿದರು. ಅದನ್ನು ಸಹಿಸಲಾರದೆ ಹೆಸರನ್ನೇ ಬದಲಿಸಿಕೊಂಡವರಿದ್ದರು. ಊಟವಿಲ್ಲದ ಊರಿನಿಂದ ಹೊರಟು, ದುಡಿದ ಹಣವನ್ನು ತವರಿಗೆ ಕಳಿಸಿ ಒಡಹುಟ್ಟಿದವರನ್ನು ಬದುಕಿಸಿದ ಹೆಣ್ಣುಮಕ್ಕಳ ಹೆಸರಿದು. ಅದರಲ್ಲಿ ನಾಚಿಕೆಪಡುವಂಥದ್ದು ಏನೂ ಇಲ್ಲ ಎಂಬುದು ನನ್ನ ದೃಢವಾದ ನಂಬಿಕೆ.

ಅದಕ್ಕೂ ಹಿಂದೆ ಸ್ಥಿತಿ ತದ್ವಿರುದ್ಧವಾಗಿತ್ತು. ಮಧ್ಯಯುಗದ ಐರ್ಲೆಂಡಿನಲ್ಲಿ ಈ ಹೆಸರನ್ನು ಪೂಜ್ಯಭಾವದಿಂದಾಗಿ ಸಾಮಾನ್ಯವಾಗಿ ಹೆಣ್ಣುಮಕ್ಕಳಿಗೆ ನೇರವಾಗಿ ಇಡುತ್ತಿರಲಿಲ್ಲ. ಬದಲಿಗೆ ಗಂಡುಮಕ್ಕಳಿಗೆ ‘ಬ್ರಿಜಿಡ್‌ಳ ಭಕ್ತ’, ‘ಬ್ರಿಜಿಡ್‌ಳ ಸೇವಕ’ ಎಂಬ ಅರ್ಥದ ಹೆಸರುಗಳನ್ನು ಇಡುತ್ತಿದ್ದರು. ನಮ್ಮ ಶಿವದಾಸ, ರಾಮದಾಸರ ರೀತಿಯವೇ ಅವು. ಮ್ಯಾಕ್‌ಬ್ರೈಡ್, ಗಿಲ್‌ಬ್ರೈಡ್ ಎಂಬ ಇಂದಿನ ಕುಲನಾಮಗಳು ಅಲ್ಲಿಂದ ಬಂದವು. ಹೆಣ್ಣುಮಕ್ಕಳ ಹೆಸರಾಗಿ ಇದು ವ್ಯಾಪಕವಾದದ್ದು 17ನೇ ಶತಮಾನದ ನಂತರ.

ರೂಪವನ್ನು ಮಾತ್ರ ಯೋಚಿಸಿ ಆರಿಸಿಕೊಳ್ಳಿ. ‘ಬ್ರೀಡ್’ ಅಪ್ಪಟ ಐರಿಷ್ ರೂಪವಾದರೂ ಊರಿಗೆ ಬಂದಾಗ ತಳಿಯನ್ನು ಸೂಚಿಸುವ ಇಂಗ್ಲಿಷ್ ಪದದಂತೆ ಕೇಳಿಸಿ ಮಗುವಿಗೆ ಮುಜುಗರ ತರಬಹುದು. ‘ಬ್ರೀಡಾ’, ‘ಬ್ರೈಡಿ’ ಎಂಬ ರೂಪಗಳು ಐರ್ಲೆಂಡಿನಲ್ಲಿ ಅಜ್ಜಿಯರ ಕಾಲದವೆನಿಸುತ್ತವೆ. ‘ಬ್ರಿಜಿಡ್’ ಎರಡೂ ಕಡೆ ಸುಲಭವಾಗಿ ನಾಲಗೆಗೆ ಒಗ್ಗುತ್ತದೆ, ನನ್ನ ಸಲಹೆ ಅದೇ. ಐರಿಷ್ ರೂಪವನ್ನೇ ಆರಿಸಿದರೆ ಸ್ವರದ ಮೇಲಿನ ದೀರ್ಘಚಿಹ್ನೆಯನ್ನು ಜನನ ನೋಂದಣಿಯ ಅರ್ಜಿಯಲ್ಲಿ ತಪ್ಪದೆ ಹಾಕಿ, ಕನ್ನಡದಲ್ಲಿ ಬರೆಯುವಾಗಲೂ ದೀರ್ಘ ಈಕಾರವನ್ನೇ ಬಳಸಿ.